ಹನ್ನೊಂದು ಚಿತ್ರಗಳ ಕ್ಯಾಪ್ಟನ್

ಹಳೆಯ ಆಳ್ವಿಕೆಯ ಜನರನ್ನು ಹುಡುಕಿ ಕೆಲಸದಿಂದ ತೆಗೆಯುವ ಶುದ್ಧಿಸಭೆಯ ಪಟ್ಟಿಯನ್ನು ಚಲನಚಿತ್ರ ಕಾರ್ಖಾನೆಯ ಊಟದ ಕೋಣೆಯ ಬಾಗಿಲಿಗೆ ಅಂಟಿಸಿದ್ದರು. ಗುರುವಾರ, ಮಧ್ಯಾಹ್ನ ನಾಲ್ಕಕ್ಕೆ. ನಾಲ್ಕನೆಯ ಹೆಸರು ಲ್ಯಾಪಿನ್, ನಿಕಾಂದ್ರ ಫೊಮಿಚ್. ಅದರ ಮುಂದೆ ಬೇರೆ ಶಾಯಿಯಲ್ಲಿ ಬರೆದಿತ್ತು: ಮಾಜಿ ಸೇನಾಧಿಕಾರಿ.

ನಿಕಾಂದ್ರ ಅದನ್ನು ಒಮ್ಮೆ ಓದಿದ. ಬಾರ್ಲಿ ಗಂಜಿಯ ತಟ್ಟೆ ಹಿಡಿದು ಸಾಲಿನಲ್ಲಿ ನಿಂತಿದ್ದ ಬಡಗಿ ದೊರೊಫೇ ಅವನ ಭುಜದ ಮೇಲಿನಿಂದ ಇಣುಕಿದ.

"ಏನ್ ದೊರೆಗಳೇ, ನಿಮ್ಮ ಪಾಳಿನೂ ಬಂತಾ? ಹೆದರ್ಬೇಡಿ. ಹದಿನಾಲ್ಕು ಸಲ ಸತ್ತೋರು ನೀವು, ಹದಿನೈದನೇದು ಯಾವ ಲೆಕ್ಕ!"

ಸಾಲಿನಲ್ಲಿದ್ದವರು ನಕ್ಕರು. ನಿಕಾಂದ್ರನೂ ನಕ್ಕ, ತುಟಿಯ ಎಡತುದಿಯಿಂದ ಮಾತ್ರ. ಒಡೆಸ್ಸಾದ ಜನಕ್ಕೆಲ್ಲ ಪರಿಚಯವಿದ್ದ ನಗು ಅದು. ಏಳು ವರ್ಷಗಳಲ್ಲಿ ಹನ್ನೊಂದು ಚಿತ್ರ. ಹನ್ನೊಂದರಲ್ಲೂ ಅವನು ಕ್ರಾಂತಿಯ ವಿರುದ್ಧ ಹೋರಾಡಿದ ಬಿಳಿ ಸೈನ್ಯದ ಕ್ಯಾಪ್ಟನ್. ಗುಂಡಿಗೆ ಸತ್ತಿದ್ದ, ನೀರಿಗೆ ಬಿದ್ದು ಸತ್ತಿದ್ದ, ಒಮ್ಮೆ ರೈತರ ಕವೆಗೋಲಿಗೆ ಸಿಕ್ಕಿ ಸತ್ತಿದ್ದ. ಮೊದಲ ಸಾವು ಚೆನ್ನಾಗಿ ಬರಲಿಲ್ಲವೆಂದು ಮೂರು ಚಿತ್ರಗಳಲ್ಲಿ ಎರಡೆರಡು ಸಲ ಸಾಯಿಸಿದ್ದರು. ಆದರೆ ತೆರೆಯ ಮೇಲೆ ಅವನ ಹೆಸರು ಒಮ್ಮೆಯೂ ಬಂದಿರಲಿಲ್ಲ. 'ಕ್ಯಾಪ್ಟನ್: ಒಬ್ಬ ನಿಜವಾದ ಕ್ಯಾಪ್ಟನ್' ಎಂದಷ್ಟೇ ಬರುತ್ತಿತ್ತು. ಸಂತೆಯಲ್ಲಿ ಮೀನು ಮಾರುವ ಹೆಂಗಸು ಅವನ ಕಂಡರೆ ತಕ್ಕಡಿ ಕೆಳಗಿಟ್ಟು, "ಆ ವಿಧವೆ ಹಸು ಹೊಡ್ಕೊಂಡ್ ಹೋದ್ಯಲ್ಲ, ಪಾಪಿ, ಇವತ್ತು ಬಾಲದ ಕಡೆ ತಿನ್ನು" ಎಂದು ಹೇಳಿ ನಿಜವಾಗಿಯೂ ಬಾಲದ ತುಂಡನ್ನೇ ಕಟ್ಟಿಕೊಡುತ್ತಿದ್ದಳು. ಆ ದಿನ ಅವನು ಮನೆಗೆ ಬೇಗ ಬೇಗ ನಡೆದು ಹೋಗುತ್ತಿದ್ದ. ಅಷ್ಟು ಸಂತೋಷ ಅವನಿಗೆ ಬೇರೆ ಯಾವುದರಿಂದಲೂ ಸಿಕ್ಕಿರಲಿಲ್ಲ.

ಏಕೆಂದರೆ ಅವನು ಕ್ಯಾಪ್ಟನ್ ಆಗಿರಲಿಲ್ಲ.

ಪೊಲ್ತಾವಾ ಕಡೆಯ ಒಂದು ಹಳ್ಳಿಯಲ್ಲಿ ಬಟ್ಟೆ ಒಗೆಯುವವಳ ಮಗನಾಗಿ ಹುಟ್ಟಿದ್ದ ನಿಕಾಂದ್ರ ಯುದ್ಧದಲ್ಲಿ ಅಲ್ಮಾಜೊವ್ ಎಂಬ ಕ್ಯಾಪ್ಟನ್‌ಗೆ ಆರ್ಡರ್ಲಿಯಾಗಿದ್ದ. ಬೂಟು ಉಜ್ಜುವುದು, ಚಹಾ ಕಾಯಿಸುವುದು, ಹಾಸಿಗೆ ಸುತ್ತುವುದು. ನಾಲ್ಕು ವರ್ಷ. ಕ್ಯಾಪ್ಟನ್ ಕೆಮ್ಮುತ್ತ ಹಕ್ಕಿಗಳ ಬಗೆಗಿನ ಪುಸ್ತಕ ಓದುವಾಗ ಡೇರೆಯ ಬಾಗಿಲಲ್ಲಿ ಕೂತು ಅವರನ್ನೇ ನೋಡುವುದು ಬಿಟ್ಟರೆ ನಿಕಾಂದ್ರನಿಗೆ ಹೊತ್ತು ಕಳೆಯಲು ಬೇರೇನೂ ಇರಲಿಲ್ಲ. ಸಾವಿರದ ಒಂಬೈನೂರ ಇಪ್ಪತ್ತರ ಚಳಿಗಾಲದಲ್ಲಿ ಸೈನ್ಯ ಸಮುದ್ರದ ಕಡೆಗೆ ಓಡುತ್ತಿದ್ದಾಗ ಕ್ಯಾಪ್ಟನ್ ಟೈಫಸ್ ಬಂದು ಸತ್ತರು. ರೈಲು ದಿಬ್ಬದ ಕೆಳಗೆ ಒಂದು ತಗಡಿನ ಮುಚ್ಚಳದಿಂದ ಮಣ್ಣು ತೋಡಿ ಹೂತವನು ಅವನೇ. ಆಮೇಲೆ ಆ ಹೆಸರನ್ನು ಅವನು ಯಾರ ಮುಂದೆಯೂ ಎತ್ತಲಿಲ್ಲ. ಹೆಂಡತಿಯ ಮುಂದೆಯೂ.

ಇಪ್ಪತ್ತೆರಡರಲ್ಲಿ ಹಸಿದ ಹೊಟ್ಟೆಯಲ್ಲಿ ಒಡೆಸ್ಸಾ ಸೇರಿದಾಗ ಕಾರ್ಖಾನೆಯ ಗೇಟಿನಲ್ಲಿ ಜನ ನಿಂತಿದ್ದರು. ನಿರ್ದೇಶಕ ಬಾಲ್ಕ್‌ಗೆ ನಟರು ಬೇಡ. ಪಾದ್ರಿಯ ಪಾತ್ರಕ್ಕೆ ಪಾದ್ರಿಯೇ ಬೇಕು, ಕಳ್ಳನಿಗೆ ಕಳ್ಳನೇ ಬೇಕು, ಕ್ಯಾಪ್ಟನ್‌ಗೆ ಕ್ಯಾಪ್ಟನ್. ನಾಟಕ ಕಂಪನಿಯಿಂದ ಬಂದ ಇಬ್ಬರನ್ನು ಅವರು ಬಾಯಿ ತೆರೆಯುವ ಮೊದಲೇ ಕಳಿಸಿಬಿಟ್ಟ. ನಿಕಾಂದ್ರನ ಸರದಿ ಬಂದಾಗ ಅವನು ಯಾರದೋ ಹರಕು ಕೈಗವಸನ್ನು ಬೆರಳು ಬೆರಳಾಗಿ ತೆಗೆದು ಮೇಜಿನ ಮೇಲಿಟ್ಟ, ಅಲ್ಮಾಜೊವ್ ಇಡುತ್ತಿದ್ದ ಹಾಗೆ. ಬಾಲ್ಕ್ ಎದ್ದು ನಿಂತ. ಗುಮಾಸ್ತ ಮುಂದೆ ತಳ್ಳಿದ ಕಾಗದದಲ್ಲಿ ನಿಕಾಂದ್ರ 'ಕ್ಯಾಪ್ಟನ್' ಎಂದು ಬರೆದ. ಊರಿನಲ್ಲಿದ್ದ ನಿಜವಾದ ಕ್ಯಾಪ್ಟನ್‌ಗಳೆಲ್ಲ ಹೊಸ ಸರ್ಕಾರಕ್ಕೆ ಹೆದರಿ ಗುಮಾಸ್ತ, ರೈತ, ಮಾಲಿ ಎಂದು ಬರೆಸಿಕೊಳ್ಳುತ್ತಿದ್ದ ಕಾಲದಲ್ಲಿ ಬಟ್ಟೆ ಒಗೆಯುವವಳ ಮಗನೊಬ್ಬ ತನ್ನನ್ನು ಕ್ಯಾಪ್ಟನ್ ಎಂದು ಬರೆಸಿಕೊಂಡ. ಆ ದಿನ ಅವನಿಗೆ ಬ್ರೆಡ್ಡೂ ಎರಡು ಉಪ್ಪುಮೀನೂ ಸಿಕ್ಕಿದವು.

ಈಗ ಇಪ್ಪತ್ತೊಂಬತ್ತನೆಯ ಇಸವಿ, ಅಕ್ಟೋಬರ್. ಶುದ್ಧಿಸಭೆಯಲ್ಲಿ ತೇರ್ಗಡೆಯಾಗದವನಿಗೆ ಕೆಲಸವಿಲ್ಲ, ಬ್ರೆಡ್ಡಿನ ಚೀಟಿಯಿಲ್ಲ. ಆದರೆ ಪಟ್ಟಿಯ ಮುಂದೆ ನಿಂತಿದ್ದ ನಿಕಾಂದ್ರನ ಎದೆಯನ್ನು ಹಿಡಿದದ್ದು ಅದಲ್ಲ. ಕ್ಯಾಮೆರಾದ ಎದುರು ಇನ್ನೆಂದೂ ನಿಲ್ಲಲಾಗುವುದಿಲ್ಲ ಎಂಬುದು. ದೀಪ ಹತ್ತಿ, ಹಿಡಿ ತಿರುಗಿಸುವ ಸದ್ದು ಶುರುವಾಗಿ, ಎಲ್ಲರೂ ಉಸಿರು ಹಿಡಿಯುವ ಆ ಕ್ಷಣದಲ್ಲಿ ಮಾತ್ರ ತಾನು ಇದ್ದೇನೆ ಎಂದು ಅವನಿಗೆ ಅನಿಸುತ್ತಿತ್ತು. ಉಳಿದ ಹೊತ್ತೆಲ್ಲ ಕಾಯುವುದು.

*

ಬುಧವಾರ ಅವನು ಬಾಲ್ಕ್‌ನ ಕೋಣೆಗೆ ಹೋದ. ಬಾಲ್ಕ್ ಫಿಲ್ಮ್ ಸುರುಳಿಯ ತುಂಡೊಂದನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡುತ್ತಿದ್ದ.

"ವಿಕೆಂತಿ ಅರ್ನೊಲ್ದೊವಿಚ್, ಒಂದ್ ವಿಷಯ ಹೇಳ್ಬೇಕಿತ್ತು."

"ಹೇಳಿ, ಕ್ಯಾಪ್ಟನ್."

"ನಾನು ಕ್ಯಾಪ್ಟನ್ ಅಲ್ಲ."

"ಈಗ ಯಾರು ತಾನೇ ಕ್ಯಾಪ್ಟನ್ ಬಿಡಿ! ನಾನೂ ಜಮೀನ್ದಾರನ ಮೊಮ್ಮಗ ಅಲ್ಲ."

"ಹಾಗಲ್ಲ. ಯಾವತ್ತೂ ಆಗಿರ್ಲಿಲ್ಲ. ಕ್ಯಾಪ್ಟನ್ ಒಬ್ಬರ ಹತ್ರ ಆರ್ಡರ್ಲಿ ಆಗಿದ್ದೆ. ಅವರ ಬೂಟು ಉಜ್ತಿದ್ದೆ. ಹೊಟ್ಟೆಪಾಡಿಗೆ ಸುಳ್ಳು ಬರ್ಸಿದೆ. ನಾಳೆ ಸಭೇಲಿ ನಿಜ ಹೇಳ್ತೀನಿ. ನೀವೂ ಒಂದ್ ಮಾತು ಹೇಳಿದ್ರೆ..."

ಬಾಲ್ಕ್ ಸುರುಳಿಯನ್ನು ಕೆಳಗಿಳಿಸಿದ. ಅವನ ಮುಖದಲ್ಲಿ ಸಿಟ್ಟಿರಲಿಲ್ಲ, ಕನಿಕರವಿತ್ತು. ಅದೇ ನಿಕಾಂದ್ರನನ್ನು ಹೆದರಿಸಿತು.

"ನೋಡಿ, ನಿಮಗೆ ಹೆದರಿಕೆ ಆಗಿದೆ. ಆಗ್ಲೇಬೇಕು. ಆದ್ರೆ ಈ ಕಥೆ ಕಟ್ಟಬೇಡಿ. ನಿಮ್ಮ ಕೈಗವಸಿನ ಬಗ್ಗೆನೇ ನಾನು ಎಂಟು ಪುಟ ಬರ್ದಿದೀನಿ. ಮಾಸ್ಕೋದಲ್ಲಿ ಭಾಷಣ ಮಾಡಿದೀನಿ. ನಿಮ್ಮ ಬೆನ್ನು ಮೂರು ತಲೆಮಾರು ಕುದುರೆ ಮೇಲೆ ಕೂತ ಮನೆತನದ್ದು. ಬೂಟು ಉಜ್ಜೋನಿಗೆ ಬರತ್ತಾ?"

"ನೋಡಿ ಕಲ್ತೆ. ನಟನೆ ಮಾಡ್ದೆ."

"ನೀವಾ? ನಟನೆಯಾ?" ಬಾಲ್ಕ್ ನಗುತ್ತ ಅವನ ತೋಳು ಮುಟ್ಟಿದ. "ನಿಕಾಂದ್ರ ಫೊಮಿಚ್, ನಿಮಗೆ ನಟನೆ ಬರಲ್ಲ. ನಿಮ್ಮಲ್ಲಿರೋ ದೊಡ್ಡ ಗುಣ ಅದೊಂದೇ. ಈಗ ನೋಡಿ, ಆರ್ಡರ್ಲಿ ಅಂತ ನಂಬಿಸೋಕೆ ಬಂದಿದೀರಿ, ಒಂದು ಮಾತೂ ನಂಬೋ ಹಾಗಿಲ್ಲ."

ನಿಕಾಂದ್ರ ಬಾಗಿಲಿನ ಕಡೆ ತಿರುಗಿದ. ಹೊಗಳಿಕೆಗಳಲ್ಲೆಲ್ಲ ದೊಡ್ಡದು ಅದು, ಆದರೆ ಅದೇ ಅವನ ದಾರಿ ಮುಚ್ಚಿತು. ಯಾವ ಮಾತಾಡಿದರೂ ಆ ಕೋಣೆಯ ಗೋಡೆ ಇನ್ನೊಂದು ಗೇಣು ಹತ್ತಿರ ಬರುತ್ತಿತ್ತು. ಅವನು ಹೊರಬಂದ.

ಹೆಂಡತಿ ಗ್ಲಾಫಿರಾ ಅದೇ ಕಾರ್ಖಾನೆಯಲ್ಲಿ ಫಿಲ್ಮ್ ಅಂಟಿಸುವ ಕೆಲಸದವಳು. ಅವಳಿಗೆ ನಿಜ ಗೊತ್ತಿತ್ತು; ಅವನು ಹೇಳಿ ಅಲ್ಲ. ಮದುವೆಯಾದ ಮೊದಲ ವಾರವೇ, ಬೆಳಿಗ್ಗೆ ಏಳುವಷ್ಟರಲ್ಲಿ ತನ್ನ ಹಳೆಯ ಬೂಟು ಕನ್ನಡಿಯ ಹಾಗೆ ಹೊಳೆಯುತ್ತಿರುವುದನ್ನು ಕಂಡು, "ಕ್ಯಾಪ್ಟನ್ ಸಾಹೇಬ್ರು ಇದನ್ನೆಲ್ಲಿ ಕಲಿತ್ರೋ?" ಎಂದು ಕೇಳಿದ್ದಳು. ಅವನು ಒಪ್ಪಿಕೊಂಡಿದ್ದ. ಅಲ್ಲಿಗೆ ಆ ಮಾತು ಮುಗಿದಿತ್ತು.

"ಊರಿಗೆ ಕಾಗದ ಬರ್ದಿದ್ಯಲ್ಲ, ಉತ್ತರ ಬಂತಾ?" ಎಂದಳು ಆ ಸಂಜೆ, ಆಲೂಗಡ್ಡೆ ಸುಲಿಯುತ್ತ.

"ಇಗರ್ಜಿಯ ಜನ್ಮಪುಸ್ತಕ ಸುಟ್ಟೋಗಿದೆಯಂತೆ. ಅಮ್ಮನ್ನ ಬಲ್ಲೋರು ಯಾರೂ ಉಳಿದಿಲ್ಲ."

"ಹಾಗಾದ್ರೆ ಬಾಯಲ್ಲಿ ಹೇಳ್ಬೇಡ, ಮಾಡಿ ತೋರ್ಸು. ಬ್ರಷ್ಷು, ಪಾಲಿಷು ಜೇಬಲ್ಲಿ ಹಾಕ್ಕೊ. ಯಾವ ಅಧಿಕಾರಿ ತಾನೇ ಇನ್ನೊಬ್ಬನ ಬೂಟಿಗೆ ಬಗ್ತಾನೆ?"

*

ಊಟದ ಕೋಣೆಯ ಮೇಜುಗಳನ್ನು ಗೋಡೆಗೆ ಸರಿಸಿ ಬೆಂಚು ಹಾಕಿದ್ದರು. ನೂರೈವತ್ತು ಜನ, ಅವರ ನಡುವೆ ಗ್ಲಾಫಿರಾ, ಸೂರ್ಯಕಾಂತಿ ಬೀಜದ ಸಿಪ್ಪೆ ನೆಲದ ತುಂಬ. ಕೆಂಪು ಬಟ್ಟೆಯ ಮೇಜಿನ ಹಿಂದೆ ಸಮಿತಿಯ ಮೂವರಿದ್ದರು: ನಡುವೆ ಅಧ್ಯಕ್ಷೆ ಚುಪ್ರಿನಾ, ಸೆಣಬಿನ ಗಿರಣಿಯ ಕೆಲಸಗಾರ್ತಿ, ನೆಗಡಿಯಾಗಿ ಕರ್ಚೀಫು ಹಿಡಿದಿದ್ದಳು, ಎಡಕ್ಕೆ ಬರೆದುಕೊಳ್ಳುವ ಗುಮಾಸ್ತ, ಬಲಕ್ಕೆ ಜುರ್ಬಾ ಎಂಬ ಬಂದರಿನ ಹಮಾಲಿ. ಹಿಂದೆ ಹತ್ತು ವರ್ಷ ಸಿಪಾಯಿಯಾಗಿದ್ದವನು, ಕಲ್ಲಿನ ಗೋಡೆಯಂಥ ಆಳು.

"ಲ್ಯಾಪಿನ್. ಅರ್ಜೀಲಿ ಕ್ಯಾಪ್ಟನ್ ಅಂತ ಬರ್ದಿದೀರಿ," ಎಂದಳು ಚುಪ್ರಿನಾ. "ಆದ್ರೆ ಮಾಜಿ ಅಧಿಕಾರಿಗಳ ಪಟ್ಟೀಲಿ ನಿಮ್ಮ ಹೆಸರೇ ಇಲ್ಲ. ಏಳು ವರ್ಷ ಹೆಸರು ನೋಂದಾಯಿಸದೆ ತಪ್ಪಿಸ್ಕೊಂಡು ತಿರುಗಿದ್ರಾ?"

ಇಷ್ಟು ದಿನ ಈ ಪ್ರಶ್ನೆ ಅವನಿಗೆ ಹೊಳೆದೇ ಇರಲಿಲ್ಲ. ಕ್ಯಾಪ್ಟನ್ ಹೌದೆಂದರೆ ತಲೆಮರೆಸಿಕೊಂಡ ಅಪರಾಧಿ. ಅಲ್ಲವೆಂದರೆ...

"ನಾನು ಅಧಿಕಾರಿ ಆಗಿರ್ಲಿಲ್ಲ, ಕಾಮ್ರೇಡ್. ಆರ್ಡರ್ಲಿ ಆಗಿದ್ದೆ. ನಮ್ಮಮ್ಮ ಬಟ್ಟೆ ಒಗೀತಿದ್ರು."

ಹಿಂದಿನ ಬೆಂಚಿನಿಂದ ನಗು ಎದ್ದು ಮುಂದಕ್ಕೆ ಬಂತು.

"ಅಯ್ಯೋ ದೊರೆಗಳೇ!" ದೊರೊಫೇ ಕೂಗಿದ. "ನಮ್ಮಮ್ಮ ಹಾಗಾದ್ರೆ ಮಹಾರಾಣಿ!"

"ಫೋರ್ಕು ಹಿಡಿಯೋದು ಯಾರ್ ಕಲ್ಸಿದ್ರು, ನಿಮ್ಮಮ್ಮನಾ?" ಎಂದಳು ಬಟ್ಟೆ ವಿಭಾಗದ ಮುದುಕಿ.

"ನೋಡಿ ಕಲ್ತೆ."

"ನೋಡಿ ಕಲಿಯೋ ಹಾಗಿದ್ರೆ ನನ್ನ ಬೆಕ್ಕು ಇಷ್ಟೊತ್ತಿಗೆ ಮೀನು ದೋಣಿಗೆ ಯಜಮಾನ ಆಗಿರ್ತಿತ್ತು!"

ಚುಪ್ರಿನಾ ಗ್ಲಾಸನ್ನು ತಟ್ಟಿದಳು. "ನಿರ್ದೇಶಕರು ಏನಂತೀರಿ?"

ಬಾಲ್ಕ್ ಎದ್ದ. ನಿಕಾಂದ್ರನ ಕಡೆ ನೋಡಲಿಲ್ಲ. "ನಾನು ನೂರಾರು ಮುಖ ನೋಡಿದೀನಿ. ಈ ಮನುಷ್ಯ ಆರ್ಡರ್ಲಿ ಅಂದ್ರೆ ನನ್ನ ಕಣ್ಣು ಕುರುಡು ಅಂತ ಅರ್ಥ. ನನ್ನ ಕಣ್ಣು ಕುರುಡಲ್ಲ."

ನಿಕಾಂದ್ರ ಜೇಬಿನಿಂದ ಬ್ರಷ್ಷನ್ನೂ ಡಬ್ಬಿಯನ್ನೂ ತೆಗೆದ. ಮೇಜನ್ನು ಬಳಸಿ ಹೋಗಿ ಜುರ್ಬಾನ ಮುಂದೆ ಮಂಡಿಯೂರಿ ಕೂತ. ಬಂದರಿನ ಕೆಸರು ಹತ್ತಿದ ಬೂಟು. ಕಡ್ಡಿಯಿಂದ ಕೆಸರು ಕೆರೆದ, ಉಸಿರು ಊದಿ ಪಾಲಿಷ್ ಹಚ್ಚಿದ, ಅಂಗೈಯ ಬುಡದಿಂದ ತಿಕ್ಕಿ ಬಿಸಿ ಮಾಡಿದ, ಬ್ರಷ್ಷನ್ನು ಎರಡು ಕೈಗೆ ಬದಲಿಸುತ್ತ ಉಜ್ಜಿದ. ನಗು ಒಂದೊಂದಾಗಿ ನಿಂತಿತು. ಬೀಜ ಸಿಡಿಯುವ ಸದ್ದು ಮಾತ್ರ ಉಳಿಯಿತು. ತಲೆಯ ಮೇಲೆ ನೂರೈವತ್ತು ಜನರ ಕಣ್ಣುಗಳ ಭಾರ. ಅದು ಅವನಿಗೆ ಪರಿಚಿತ ಭಾರ.

ಜುರ್ಬಾ ಎದ್ದು ನಿಂತು ಬೂಟನ್ನು ತಿರುಗಿಸಿ ನೋಡಿದ.

"ಚೆನ್ನಾಗಿದೆ. ಮದುವೆಗೆ ಹಾಕ್ಕೊಂಡ್ ಹೋಗ್ಬೋದು. ಆದ್ರೆ ತಮ್ಮಾ, ಮಂಚದ ಮೇಲೆ ಕೂತು ವರ್ಷಗಟ್ಲೆ ನೋಡಿದೋನಿಗೂ ಇಷ್ಟು ಬರತ್ತೆ. ನೀನೇ ಹೇಳ್ದೆ, ನೋಡಿ ಕಲ್ತೆ ಅಂತ. ಆರ್ಡರ್ಲಿ ಕ್ಯಾಪ್ಟನ್‌ನ ನೋಡಿ ಕಲಿತ್ರೆ, ಕ್ಯಾಪ್ಟನ್ ಆರ್ಡರ್ಲಿನ ನೋಡಿ ಕಲಿಯಲ್ವಾ?"

ಸಭೆ ತಲೆದೂಗಿತು. ನಿಕಾಂದ್ರ ಎದ್ದು ನಿಂತ. ಕೈಯಲ್ಲಿ ಬ್ರಷ್ಷು. ಹೌದು. ಇಬ್ಬರು ಮನುಷ್ಯರು ನಾಲ್ಕು ವರ್ಷ ಒಂದೇ ಡೇರೆಯಲ್ಲಿದ್ದರೆ ಒಬ್ಬನಿಗೆ ಗೊತ್ತಿದ್ದುದೆಲ್ಲ ಇನ್ನೊಬ್ಬನಿಗೂ ಗೊತ್ತಿರುತ್ತದೆ. ತಾನು ಯಾರೆಂದು ಹೇಳುವ ಯಾವ ಗುರುತೂ ತನ್ನ ಬಳಿ ಇಲ್ಲ ಎಂಬುದು ಆ ಊಟದ ಕೋಣೆಯಲ್ಲಿ, ಎಲೆಕೋಸಿನ ವಾಸನೆಯ ನಡುವೆ, ಅವನಿಗೆ ನಿಧಾನವಾಗಿ ತಿಳಿಯಿತು.

ಜುರ್ಬಾ ತನ್ನ ಕುರ್ಚಿಯ ಕಡೆ ತಿರುಗಿದ. ತಿರುಗಿದವನ ಬಲಭುಜ ಇಷ್ಟೇ ಇಷ್ಟು ಕುಸಿಯಿತು.

ಬೇರೆ ಯಾರೂ ಅದನ್ನು ಕಂಡಿರಲಾರರು. ಆದರೆ ನಿಕಾಂದ್ರ ಹನ್ನೊಂದು ಚಿತ್ರಗಳಲ್ಲಿ ಹೊಡೆದವನು. ಹೊಡೆತ ಕೈಯಿಂದ ಶುರುವಾಗುವುದಿಲ್ಲ, ಭುಜದಿಂದ ಶುರುವಾಗುತ್ತದೆ ಎಂದು ಅವನಿಗೆ ಗೊತ್ತಿತ್ತು. ಹೊಡೆತ ಬಂದಾಗ ತಾನು ಹೇಗೆ ನಿಲ್ಲುತ್ತೇನೆಂದು ಹಮಾಲಿ ನೋಡಲಿದ್ದಾನೆ ಎಂಬುದೂ ಹೊಳೆಯಿತು. ಸಮಯವಿತ್ತು. ಒಂದು ಉಸಿರಿನಷ್ಟು.

ಅವನ ಮೈಯನ್ನು ಅದರ ಪಾಡಿಗೆ ಬಿಟ್ಟಿದ್ದರೆ ಏನು ಮಾಡುತ್ತಿತ್ತು? ಹಿಂದಕ್ಕೆ ಸರಿಯುತ್ತಿತ್ತು, ಕೈ ಮುಖಕ್ಕೆ ಅಡ್ಡ ಬರುತ್ತಿತ್ತು, ಯಾರ ಕೈಯಾದರೂ ಬರುವ ಹಾಗೆ. ಏಕೆಂದರೆ ಅಲ್ಮಾಜೊವ್ ಆ ನಾಲ್ಕು ವರ್ಷಗಳಲ್ಲಿ ಒಮ್ಮೆಯೂ ಅವನ ಮೇಲೆ ಕೈ ಎತ್ತಿರಲಿಲ್ಲ. ಇಡೀ ರೆಜಿಮೆಂಟಿನಲ್ಲಿ ಆರ್ಡರ್ಲಿಯನ್ನು 'ನೀವು' ಎಂದು ಕರೆಯುತ್ತಿದ್ದವರು ಅವರೊಬ್ಬರೇ. ಉಳಿದವರು ಅದಕ್ಕೇ ಅವರನ್ನು ಆಡಿಕೊಳ್ಳುತ್ತಿದ್ದರು. ಹೊಡೆತ ತಿನ್ನುತ್ತಿದ್ದವನು ಪಕ್ಕದ ಡೇರೆಯ ಆರ್ಡರ್ಲಿ ಫಿಲಿಪ್. ಹಿಮ್ಮಡಿ ಜೋಡಿಸಿ, ಹೆಬ್ಬೆರಳು ಪ್ಯಾಂಟಿನ ಹೊಲಿಗೆಗೆ ತಾಗಿಸಿ, ಕಣ್ಣು ಮುಚ್ಚಿ, ಕೆನ್ನೆಯನ್ನು ಒಂದಿಷ್ಟು ಮುಂದಕ್ಕೆ ತಿರುಗಿಸಿ ನಿಲ್ಲುತ್ತಿದ್ದ. ನಿಕಾಂದ್ರ ಅದನ್ನು ಎಷ್ಟೋ ಬೆಳಿಗ್ಗೆ ನೋಡಿದ್ದ.

ಜುರ್ಬಾನ ಕೈ ಮೇಲೆದ್ದು ಬೀಸಿ ಬಂತು. ಯಾರೋ ಹೆಂಗಸು ಚೀರಿದಳು.

ನಿಕಾಂದ್ರ ಫಿಲಿಪ್ ಆದ.

ಕೈ ಕೆನ್ನೆಯಿಂದ ನಾಲ್ಕು ಬೆರಳಿನ ದೂರದಲ್ಲಿ ನಿಂತಿತು. ಕಣ್ಣು ಮುಚ್ಚಿದ್ದ ನಿಕಾಂದ್ರನಿಗೆ ಅದರ ಗಾಳಿ ಮಾತ್ರ ತಾಗಿತು. ಅವನು ಹಾಗೆಯೇ ನಿಂತಿದ್ದ. ಎಷ್ಟು ಹೊತ್ತು ನಿಲ್ಲಬೇಕೆಂಬುದೂ ಅವನಿಗೆ ಗೊತ್ತಿತ್ತು.

"ನೋಡಿದ್ರಾ?" ಜುರ್ಬಾನ ದನಿ ಒಡೆದಿತ್ತು. "ಕೆನ್ನೆ ತಿರುಗಿಸ್ದ ನೋಡಿದ್ರಾ? ಅಧಿಕಾರಿ ಕೈಲಿರೋ ಉಂಗುರ ಹಲ್ಲಿಗೆ ತಾಗ್ಬಾರ್ದು ಅಂತ. ಇದು ಯಾವ ದೊರೆ ಮಗನಿಗೂ ಬರಲ್ಲ. ಇದನ್ನ ನೋಡಿ ಕಲಿಯೋಕಾಗಲ್ಲ, ತಿಂದೇ ಕಲೀಬೇಕು. ಆರು ತಿಂಗಳು ನಾನೂ ಆರ್ಡರ್ಲಿ ಆಗಿದ್ದೆ. ಇವನು ನಮ್ಮೋನು."

ದೊರೊಫೇ ಟೊಪ್ಪಿ ತೆಗೆದು ಮೊಣಕಾಲ ಮೇಲಿಟ್ಟುಕೊಂಡ.

"ತುಂಬಾ ಹೊಡೀತಿದ್ನಾ, ಅಣ್ಣಾ?" ಎಂದು ಚುಪ್ರಿನಾ ಮೆಲ್ಲಗೆ ಕೇಳಿದಳು.

ಗುಮಾಸ್ತನ ಲೇಖನಿ ಕಾಯುತ್ತಿತ್ತು. ನಿಕಾಂದ್ರ ಕಣ್ಣು ತೆರೆದು ನೆಲ ನೋಡಿದ. ಜನ ಅದನ್ನು ನೋವೆಂದು ತಿಳಿದರು.

"ಹೊಡೀತಿದ್ದ," ಎಂದ.

"ಹೆಸರು?"

"ಯಾತಕ್ಕೆ? ಸತ್ತೋಗಿದ್ದಾರೆ."

"ಬರ್ಕೊಳ್ಬೇಕು. ಅಂಥೋರ ಹೆಸರು ಉಳೀಬೇಕು."

ಅವನು ರೈಲು ದಿಬ್ಬವನ್ನು ನೆನೆಯದಿರಲು ನೋಡಿದ. "ಅಲ್ಮಾಜೊವ್," ಎಂದ. ಗುಮಾಸ್ತ ಬರೆದುಕೊಂಡು, ಅಕ್ಷರ ಸರಿಯಿದೆಯೇ ಎಂದು ಕೇಳಿ, ಕೆಳಗೆ ಗೆರೆ ಎಳೆದ.

ಅರ್ಜಿಯಲ್ಲಿ ಸುಳ್ಳು ಬರೆದದ್ದಕ್ಕೆ ಛೀಮಾರಿ. ಕಾರ್ಖಾನೆಯಲ್ಲಿ ಮುಂದುವರಿಯಲು ಅಡ್ಡಿಯಿಲ್ಲ. ಕೈಗಳೆಲ್ಲ ಮೇಲೆದ್ದವು. ಬಾಲ್ಕ್‌ನ ಕೈಯೂ, ಕೊನೆಯದಾಗಿ.

*

ಬಾಗಿಲ ಬಳಿ ಬಾಲ್ಕ್ ಕಾಯುತ್ತಿದ್ದ. ಮುಖ ಬಿಳುಪಾಗಿತ್ತು, ಆದರೆ ಕಣ್ಣುಗಳಲ್ಲಿ ನಿಕಾಂದ್ರನಿಗೆ ಗೊತ್ತಿದ್ದ ಆ ಹೊಳಪು ಬಂದಿತ್ತು.

"ಕ್ಷಮಿಸು. ನಾನು ಕುರುಡ," ಎಂದ. ಇಷ್ಟು ವರ್ಷ 'ನೀವು' ಎನ್ನುತ್ತಿದ್ದವನು ಈಗ ಏಕವಚನಕ್ಕೆ ಇಳಿದದ್ದು ಅವನ ಗಮನಕ್ಕೆ ಬಂದಂತಿರಲಿಲ್ಲ. "ಸೋಮವಾರ ಬೆಳಿಗ್ಗೆ ಏಳಕ್ಕೆ ಬಾ. ಆ ಕೆನ್ನೆ ನನಗೆ ಬೇಕು. ಚಿತ್ರದ ನಡುವೆ ಇಡ್ತೀನಿ, ಹತ್ತಿರದಿಂದ, ತೆರೆ ತುಂಬ."

"ಕ್ಯಾಪ್ಟನ್ ಪಾತ್ರ ಯಾರು?"

"ಹುಡುಕ್ತೀನಿ. ನಿಜವಾದವನೊಬ್ಬ ಸಿಗ್ತಾನೆ. ನಿನ್ನ ಕೈಲಿ ಇನ್ನು ಹೇಗೆ ಮಾಡಿಸ್ಲಿ ಅದನ್ನ, ನನಗೆ ಗೊತ್ತಾದ್ಮೇಲೆ? ಇನ್ಮೇಲೆ ನೀನು ಆರ್ಡರ್ಲಿ. ಹತ್ತು ಚಿತ್ರಕ್ಕೆ ಸಾಕಾಗುವಷ್ಟಿದೆ ನಿನ್ನಲ್ಲಿ." ಅವನು ಹೊರಟವನು ತಿರುಗಿದ. "ಒಂದೇ ಮಾತು. ನಟನೆ ಮಾಡ್ಬೇಡ. ಇವತ್ತು ನಿಂತ ಹಾಗೇ ನಿಲ್ಲು. ಆ ಕ್ಯಾಪ್ಟನ್ ನಿಜವಾಗ್ಲೂ ಹೊಡೀತಾನೆ."

ನಿಕಾಂದ್ರ ತಲೆಯಾಡಿಸಿದ. ಅವನು ಬೇಡಿಕೊಂಡದ್ದು ಸಿಕ್ಕಿತ್ತು. ಕ್ಯಾಮೆರಾದ ಎದುರು ಉಳಿದುಕೊಂಡಿದ್ದ.

ಟ್ರಾಮಿನಲ್ಲಿ ಕೂರಲು ಜಾಗವಿರಲಿಲ್ಲ. ಗ್ಲಾಫಿರಾ ಅವನ ತೋಳು ಹಿಡಿದು ಕಂಬಿಗೆ ಒರಗಿ ನಿಂತಳು. ಅಕೇಶಿಯಾ ಮರಗಳು ಕಿಟಕಿಯಾಚೆ ಹಿಂದಕ್ಕೆ ಹೋಗುತ್ತಿದ್ದವು. ಬೆಳಕು ಇನ್ನೂ ಇತ್ತು. ಎರಡು ನಿಲ್ದಾಣ ಕಳೆದವು.

"ಅಷ್ಟು ವರ್ಷದಿಂದ ಒಂದ್ ಮಾತೂ ಹೇಳ್ಲಿಲ್ಲ ನೀನು," ಎಂದಳು ಕೊನೆಗೆ. "ಅವನ ವಿಷಯ ಯಾಕೆ ಎತ್ತಲ್ಲ ಅಂತ ನಾನು ಎಷ್ಟು ಸಲ ಯೋಚ್ನೆ ಮಾಡಿದ್ನೋ. ಈಗ ಗೊತ್ತಾಯ್ತು."

ಅವನು ಕಿಟಕಿಯ ಕಡೆ ನೋಡಿದ.

"ನಿಕಾಂದ್ರ. ಅದು ತಾನಾಗೇ ಬಂತಾ? ಕೈ ಬರೋದು ಕಂಡ ತಕ್ಷಣ?"

ಅವಳೊಬ್ಬಳಿಗೆ ಹೇಳಬಹುದಿತ್ತು. ಇಡೀ ಜಗತ್ತಿನಲ್ಲಿ ಒಬ್ಬಳಿಗಾದರೂ, ಇವತ್ತು ಆ ಕೋಣೆಯಲ್ಲಿ ಏನಾಯಿತು, ಏಳು ವರ್ಷದಿಂದ ಏನಾಗುತ್ತಿತ್ತು, ತಾನು ಏನು ಬಲ್ಲವನು ಎಂದು. ಹೇಳಿದರೆ ಅವಳು ಮೆಚ್ಚುತ್ತಾಳೆ. ಮೆಚ್ಚಿ ಅಂಟಿಸುವ ಮೇಜಿನಲ್ಲಿ ಎಂದೋ ಒಂದು ದಿನ ಗೆಳತಿಗೆ ಹೇಳುತ್ತಾಳೆ. ಅಥವಾ ಹೇಳುವುದಿಲ್ಲ, ಆದರೆ ಮುಂದೆ ಅವನು ನಕ್ಕಾಗ, ಅತ್ತಾಗ, ಮಗ್ಗುಲು ಬದಲಿಸಿದಾಗಲೂ ಅವಳು ಒಂದು ಕ್ಷಣ ತಡೆದು, ಇದೂ ನಟನೆಯೇ ಎಂದು ನೋಡುತ್ತಾಳೆ. ಟ್ರಾಮು ತಿರುವಿನಲ್ಲಿ ಕಿರುಗುಟ್ಟಿತು.

"ತಾನಾಗೇ ಬಂತು," ಎಂದ.

ಗ್ಲಾಫಿರಾಳ ಕಣ್ಣು ತುಂಬಿತು. ಫಿಲ್ಮಿನ ಅಂಟು ವಾಸನೆಯ ಕೈಯೆತ್ತಿ ಅವಳು ಅವನ ಕೆನ್ನೆಯನ್ನು ಮೆಲ್ಲಗೆ ಸವರಿದಳು, ಯಾರೂ ಎಂದೂ ಹೊಡೆಯದ ಆ ಕೆನ್ನೆಯನ್ನು, ಹಳೆಯ ಪೆಟ್ಟುಗಳನ್ನೆಲ್ಲ ಒಂದೊಂದಾಗಿ ಒರೆಸುವ ಹಾಗೆ. ಜನ ನೋಡುತ್ತಿದ್ದರು. ನಿಕಾಂದ್ರ ಅಲುಗಾಡದೆ ನಿಂತು, ಅವಳಿಗಾಗಿ ಕಣ್ಣು ಮುಚ್ಚಿದ.